ಆಟವಿಲ್ಲದ ಶನಿವಾರ

"ಈ ಶನಿವಾರವೂ ಆಟವಿಲ್ಲವಂತೆ!"

ನನ್ನ ಮಿತ್ರರೊಬ್ಬರು ಮನೆಯ ಮೆಟ್ಟಿಲು ಹತ್ತುವ ಮೊದಲೇ ಹೀಗೆ ಗೊಣಗಿಕೊಂಡು ಬಂದರು. ಅವರು ಇಂಗ್ಲೆಂಡನ್ನು ಕಣ್ಣಾರೆ ಕಂಡವರಲ್ಲ. ಆದರೆ ಅಲ್ಲಿಯ ಪ್ರೀಮಿಯರ್ ಲೀಗಿನ ಇಪ್ಪತ್ತು ತಂಡಗಳ ಕುಲಗೋತ್ರಗಳೆಲ್ಲ ಅವರಿಗೆ ಬಾಯಿಪಾಠ. ಶನಿವಾರ ರಾತ್ರಿ ಟೆಲಿವಿಷನ್ನಿನ ಮುಂದೆ ಕುಳಿತರೆಂದರೆ ಹಿತ್ತಿಲ ಬಾಗಿಲಿನಿಂದ ಕಳ್ಳ ನುಗ್ಗಿದರೂ ಏಳುವವರಲ್ಲ. ಅಂಥವರಿಗೆ ಒಂದು ಶನಿವಾರ ಬರಿದಾಗಿ ಕಳೆದರೆ ಸಂಕಟವಾಗುವುದು ಸಹಜವೇ. "ಅಂತರರಾಷ್ಟ್ರೀಯ ಬಿಡುವಂತೆ! ಯಾರಿಗೆ ಬೇಕಾಗಿತ್ತು ಸ್ವಾಮೀ ಇದು? ಊಟ ರುಚಿ ಹತ್ತುವ ಹೊತ್ತಿಗೆ ಎಲೆ ಎತ್ತಿದ ಹಾಗೆ!" ಎಂದು ಅವರು ಕುರ್ಚಿಯಲ್ಲಿ ಕುಸಿದು ಕುಳಿತರು.

ಇದು ಅವರೊಬ್ಬರ ಗೊಣಗಾಟವಾಗಿದ್ದರೆ ನಾನು ಒಂದು ಲೋಟ ಕಾಫಿ ಕೊಟ್ಟು ಸಮಾಧಾನ ಹೇಳಿ ಸುಮ್ಮನಾಗುತ್ತಿದ್ದೆ. ಆದರೆ ಈ ಮಾತನ್ನು ಈಗ ಎಲ್ಲರೂ ಆಡುತ್ತಿದ್ದಾರೆ. ಪ್ರೇಕ್ಷಕರು ಆಡುತ್ತಾರೆ, ತಂಡಗಳ ತರಬೇತುದಾರರು ಆಡುತ್ತಾರೆ, ಪಂದ್ಯಗಳನ್ನು ಬಿತ್ತರಿಸಿ ಹಣ ಮಾಡುವವರು ಎಲ್ಲರಿಗಿಂತ ಗಟ್ಟಿಯಾಗಿ ಆಡುತ್ತಾರೆ. ಬಿಡುವೆಂದರೆ ಆಟಕ್ಕೆ ಒದಗಿದ ವಿಘ್ನ, ಅದನ್ನು ಕಿತ್ತೊಗೆದರೆ ಎಲ್ಲರಿಗೂ ಕ್ಷೇಮ, ಎಂಬುದು ಇವರೆಲ್ಲರ ಒಟ್ಟು ವಾದ. ಈ ವಾದ ತಪ್ಪೆಂದು ನನ್ನ ನಂಬಿಕೆ. ತಪ್ಪು ಮಾತ್ರವಲ್ಲ, ಆಟದ ಮೇಲಿನ ಪ್ರೀತಿಯ ಹೆಸರಿನಲ್ಲಿ ಆಟಗಾರನಿಗೆ ಬಗೆಯುವ ಅನ್ಯಾಯ. ಅದನ್ನು ಕೊಂಚ ವಿಸ್ತಾರವಾಗಿಯೇ ಹೇಳುತ್ತೇನೆ; ವಾಚಕರು ಸಹಿಸಿಕೊಳ್ಳಬೇಕು.

ಮೊದಲು, ಈ ಬರಿಯ ಶನಿವಾರ ಎಲ್ಲಿಂದ ಬಂತೆಂಬುದನ್ನು ನೋಡೋಣ. ಜಗತ್ತಿನ ಕಾಲ್ಚೆಂಡಾಟಕ್ಕೆಲ್ಲ ಹಿರಿಯ ಸಂಸ್ಥೆಯಾದ ಫೀಫಾ ಒಂದು ಪಂಚಾಂಗವನ್ನು ಇಟ್ಟುಕೊಂಡಿದೆ. ಸೆಪ್ಟೆಂಬರ್, ಅಕ್ಟೋಬರ್, ನವೆಂಬರ್, ಮಾರ್ಚ್, ಜೂನ್ ತಿಂಗಳುಗಳಲ್ಲಿ ರಾಷ್ಟ್ರತಂಡಗಳ ಪಂದ್ಯಕ್ಕೆಂದು ಕೆಲವು ದಿನಗಳನ್ನು ಅದು ಮೀಸಲಿಡುತ್ತ ಬಂದಿದೆ. ವಾಡಿಕೆಯ ಲೆಕ್ಕ ಇಷ್ಟು: ಒಂದು ಸೋಮವಾರ ತೊಡಗಿ ಮುಂದಿನ ವಾರದ ಮಂಗಳವಾರದವರೆಗೆ ಒಂಬತ್ತು ದಿನ, ಅದರೊಳಗೆ ಎರಡು ಪಂದ್ಯ. ನಡುವೆ ಸಿಕ್ಕಿಕೊಳ್ಳುವ ಶನಿವಾರ ಭಾನುವಾರಗಳೇ ನನ್ನ ಮಿತ್ರರ ಪಾಲಿನ ಶೂನ್ಯ ತಿಥಿಗಳು. ಆ ಅವಧಿಯಲ್ಲಿ ದೇಶ ಕರೆದರೆ ಕ್ಲಬ್ಬು ಆಟಗಾರನನ್ನು ಕಳುಹಿಸಿಕೊಡಲೇಬೇಕು. ಇಷ್ಟವಿದ್ದರೆ ಕಳುಹಿಸಬಹುದು ಎಂಬ ಸಡಿಲು ಮಾತು ನಿಯಮದಲ್ಲಿಲ್ಲ. ಹತ್ತಿಪ್ಪತ್ತು ಮಂದಿ ಒಳ್ಳೆಯ ಆಟಗಾರರು ಹತ್ತು ದೇಶಗಳಿಗೆ ಚೆದರಿಹೋದ ಮೇಲೆ ದೊಡ್ಡ ಕ್ಲಬ್ಬಿನಲ್ಲಿ ಉಳಿಯುವವರು ಯಾರು? ಆದಕಾರಣ ಲೀಗು ಬಾಗಿಲು ಹಾಕುತ್ತದೆ. ಇದರ ಮೇಲೆ ಕಪ್ ಪಂದ್ಯಗಳಿಗೆ ಬಿಟ್ಟುಕೊಡುವ ವಾರಾಂತ್ಯಗಳು ಬೇರೆ. ಜರ್ಮನಿಯಂಥ ಕಡೆ ಕ್ರಿಸ್ಮಸ್ಸಿನ ಮುಂದುಹಿಂದಿನ ಚಳಿಗಾಲದ ಬಿಡುವು ಬೇರೆ. ಇಂಗ್ಲೆಂಡಿನಲ್ಲಿ 38 ಸುತ್ತಿನ ಲೀಗನ್ನು 2024-25ರಲ್ಲಿ 33 ವಾರಾಂತ್ಯಗಳಲ್ಲಿಯೂ 5 ವಾರದ ನಡುದಿನಗಳಲ್ಲಿಯೂ ತುರುಕಬೇಕಾಯಿತು.

"ಲೀಗಿನ ಮನೆಗೆ ದೇಶವೆಂಬ ನೆಂಟ ಬಂದು ತಿಂಗಳಿಗೊಮ್ಮೆ ಠಾಣ್ಯ ಹೂಡುತ್ತಾನೆ" ಎಂದು ದೂರುವವರು ಚರಿತ್ರೆಯನ್ನು ಒಮ್ಮೆ ತೆರೆದು ನೋಡಬೇಕು. ಇಂಗ್ಲೆಂಡಿಗೂ ಸ್ಕಾಟ್ಲೆಂಡಿಗೂ ಮೊತ್ತಮೊದಲ ಅಧಿಕೃತ ಪಂದ್ಯ ನಡೆದದ್ದು 1872ರ ನವೆಂಬರ್ 30ರಂದು, ಗ್ಲಾಸ್ಗೋ ಸಮೀಪದ ಪಾರ್ಟಿಕ್‌ನಲ್ಲಿ, ಒಂದು ಕ್ರಿಕೆಟ್ ಮೈದಾನದ ಮೇಲೆ. ಇಬ್ಬರೂ ಗೋಲು ಹೊಡೆಯಲಿಲ್ಲ. ಅಂದೂ ಶನಿವಾರವೇ. ಎಫ್. ಎ. ಕಪ್ ಅದಕ್ಕೂ ಒಂದು ವರ್ಷ ಹಿರಿದು. ಹನ್ನೆರಡು ಕ್ಲಬ್ಬುಗಳು ಸೇರಿ ಲೀಗನ್ನು ಕಟ್ಟಿಕೊಂಡದ್ದು 1888ರಲ್ಲಿ, ಎಂದರೆ ದೇಶಗಳ ಪಂದ್ಯ ತೊಡಗಿ ಹದಿನಾರು ವರ್ಷ ಕಳೆದ ಮೇಲೆ. ಹೀಗಿರುವಾಗ ನೆಂಟನಾರು, ಮನೆಯ ಯಜಮಾನನಾರು? ಹಿಂದಿನಿಂದ ಬಂದವನು ಹಜಾರವನ್ನೆಲ್ಲ ಹಿಡಿದುಕೊಂಡು, ಮೊದಲೇ ಇದ್ದವನನ್ನು "ನೀನೇಕೆ ಬಂದೆ?" ಎಂದು ಕೇಳಿದ ಕಥೆ ಇದು.

ಆ ಕಾಲದಲ್ಲಿ ಬಿಡುವಿನ ಪ್ರಶ್ನೆಯೇ ಇರಲಿಲ್ಲವಲ್ಲ ಎನ್ನಬಹುದು. ನಿಜ. ಇಂಗ್ಲೆಂಡಿನಲ್ಲಿ ಬಹಳ ವರ್ಷ ದೇಶದ ಪಂದ್ಯ ನಡೆಯುವ ಶನಿವಾರವೇ ಲೀಗಿನ ಪಂದ್ಯಗಳೂ ನಡೆಯುತ್ತಿದ್ದವು. ಕ್ಲಬ್ಬು ತನ್ನ ಶ್ರೇಷ್ಠ ಆಟಗಾರನನ್ನು ದೇಶಕ್ಕೆ ಕೊಟ್ಟು, ಅವನಿಲ್ಲದೆ ಆಡಿ, ಸೋತು ಕೈ ಹಿಸುಕಿಕೊಳ್ಳುತ್ತಿತ್ತು. ಬಿಡುವು ಬಂದದ್ದು ಈ ಸಂಕಟವನ್ನು ತಪ್ಪಿಸುವುದಕ್ಕೆ. ಎಂದ ಮೇಲೆ, ಆಟವಿಲ್ಲದ ಶನಿವಾರ ಕ್ಲಬ್ಬಿನ ಮೇಲೆ ಹೇರಿದ ದಂಡವಲ್ಲ, ಅದಕ್ಕೆ ಸಿಕ್ಕಿದ ರಕ್ಷಣೆ. ಕೊಡೆ ಹಿಡಿದವನನ್ನೇ ಮಳೆಗೆ ಕಾರಣನೆಂದು ಬೈದರೆ ಹೇಗೆ?

ಇನ್ನು ಆಟಗಾರನ ಮೈಯ ಮಾತು. ನಮ್ಮ ಹಳ್ಳಿಗಳಲ್ಲಿ ಸೋಮವಾರ ಎತ್ತಿನ ಹೆಗಲಿಗೆ ನೊಗ ಇಡದ ವಾಡಿಕೆ ಎಷ್ಟೋ ಕಡೆ ಉಂಟು. ಬಸವಣ್ಣನ ವಾರವೆಂದು ಅದಕ್ಕೆ ಭಕ್ತಿಯ ಕಾರಣ ಹೇಳಿದರೂ, ಭಕ್ತಿಯ ಒಳಗೆ ಒಕ್ಕಲಿಗನ ವಿವೇಕ ಅಡಗಿದೆ. ಕರಾವಳಿಯ ಯಕ್ಷಗಾನದ ಮೇಳಗಳು ಪತ್ತನಾಜೆಗೆ ಗೆಜ್ಜೆ ಬಿಚ್ಚಿದರೆ ಮಳೆಗಾಲ ಕಳೆಯುವವರೆಗೆ ತಿರುಗಾಟವಿಲ್ಲ. ಅದನ್ನು ಕಂಡು "ಕಲೆಗೆ ವಿಘ್ನವಾಯಿತು" ಎಂದು ಯಾರೂ ಅತ್ತದ್ದಿಲ್ಲ. ಎತ್ತಿಗೆ ಸಂದ ದಯೆ, ವೇಷಧಾರಿಗೆ ಸಂದ ಬಿಡುವು, ಕಾಲ್ಚೆಂಡಿನ ಆಟಗಾರನಿಗೆ ಮಾತ್ರ ಸಲ್ಲಬಾರದೆ? ಅವನಿಗೆ ಕೋಟಿಗಟ್ಟಲೆ ಸಂಬಳ ಬರುತ್ತದೆ ಎಂಬುದು ಸಿದ್ಧವಾದ ಉತ್ತರ. ಸಂಬಳ ಬ್ಯಾಂಕಿಗೆ ಹೋಗುತ್ತದೆ, ಮಂಡಿಯ ಕೀಲಿಗೆ ಹೋಗುವುದಿಲ್ಲ. ಸ್ಪೇನಿನ ಪೆದ್ರಿ ಎಂಬ ಹುಡುಗ ಇನ್ನೂ ಹದಿನೆಂಟರ ಪ್ರಾಯದಲ್ಲಿ, 2020-21ರ ಒಂದೇ ಋತುವಿನಲ್ಲಿ, ಕ್ಲಬ್ಬು, ದೇಶ, ಒಲಿಂಪಿಕ್ಸ್ ಎಲ್ಲ ಸೇರಿ 70ಕ್ಕೂ ಹೆಚ್ಚು ಪಂದ್ಯಗಳಲ್ಲಿ ಆಡಿದ. 2024ರ ಸೆಪ್ಟೆಂಬರ್ 17ರಂದು ಮ್ಯಾಂಚೆಸ್ಟರ್ ಸಿಟಿಯ ರೋದ್ರಿ, ಪಂದ್ಯಗಳು ಹೀಗೆಯೇ ಬೆಳೆದರೆ ಆಟಗಾರರು ಮುಷ್ಕರ ಹೂಡುವ ದಿನ ದೂರವಿಲ್ಲವೆಂಬ ಅಭಿಪ್ರಾಯವನ್ನು ಪತ್ರಕರ್ತರ ಮುಂದೆ ಹೇಳಿದ. ಐದು ದಿನಗಳ ನಂತರ ಆರ್ಸೆನಲ್ಲಿನ ಮೇಲಣ ಪಂದ್ಯದಲ್ಲಿ ಅವನ ಮಂಡಿಯ ಕಟ್ಟು ಹರಿಯಿತು. ದಣಿವಿನಿಂದಲೇ ಹರಿಯಿತೆಂದು ಸಾಧಿಸಿ ತೋರಿಸಲು ನಾನು ವೈದ್ಯನಲ್ಲ. ಆದರೆ ಆ ಎರಡು ಸುದ್ದಿಗಳನ್ನು ಒಂದೇ ವಾರದಲ್ಲಿ ಓದಿದವನಿಗೆ ಮನಸ್ಸು ಮುದುಡದಿದ್ದರೆ ಅವನು ಆಟದ ಪ್ರೇಮಿಯಲ್ಲ, ಬರಿಯ ಗಿರಾಕಿ.

ಇಲ್ಲಿ ಇನ್ನೊಂದು ಸಂಗತಿ ನೆನಪಿಡತಕ್ಕದ್ದು. ಕಾಲ್ಚೆಂಡಿಗೆ ಶನಿವಾರ ಮಧ್ಯಾಹ್ನವೇ ಏಕೆ ಮೀಸಲಾಯಿತು? ಇಂಗ್ಲೆಂಡಿನ 1850ರ ಕಾರ್ಖಾನೆ ಕಾಯಿದೆ ಬಟ್ಟೆಯ ಗಿರಣಿಗಳ ಹೆಂಗಸರೂ ಎಳೆಯರೂ ಶನಿವಾರ ಎರಡು ಗಂಟೆಗೆ ಕೆಲಸ ನಿಲ್ಲಿಸಬೇಕೆಂದು ವಿಧಿಸಿತು. ಕ್ರಮೇಣ ಉಳಿದ ಕೆಲಸಗಾರರಿಗೂ ಶನಿವಾರದ ಅರ್ಧ ದಿನ ದಕ್ಕಿತು. ಆ ಬಿಡುವಿನ ಹೊತ್ತಿನಲ್ಲಿ ಮೈದಾನಗಳು ತುಂಬಿದವು, ಕ್ಲಬ್ಬುಗಳು ಹುಟ್ಟಿದವು. 1883ರಲ್ಲಿ ಲ್ಯಾಂಕಷೈರಿನ ದುಡಿಯುವ ಜನರ ತಂಡವಾದ ಬ್ಲ್ಯಾಕ್‌ಬರ್ನ್ ಒಲಿಂಪಿಕ್ ಸಿರಿವಂತರ ಮಕ್ಕಳ ತಂಡವನ್ನು ಸೋಲಿಸಿ ಎಫ್. ಎ. ಕಪ್ಪನ್ನು ಊರಿಗೆ ಒಯ್ದಿತು. ಎಂದರೆ ಈ ಆಟದ ಶನಿವಾರ ಕೆಲಸಗಾರನ ವಿಶ್ರಾಂತಿಯ ಕೂಸು. ಆ ಕೂಸು ಬೆಳೆದು ದೊಡ್ಡದಾಗಿ, "ಇಲ್ಲಿ ದುಡಿಯುವವನಿಗೆ ವಿಶ್ರಾಂತಿ ಬೇಡ" ಎನ್ನುವುದಾದರೆ ಅದಕ್ಕಿಂತ ಕೃತಘ್ನತೆ ಬೇರೆ ಇಲ್ಲ.

ಪೂರ್ವಪಕ್ಷದ ಬಲವಾದ ಮಾತನ್ನೂ ಮರೆಮಾಚಬಾರದು. ಕ್ಲಬ್ಬು ಸಂಬಳ ಕೊಡುತ್ತದೆ. ದೇಶ ಎರವಲು ಒಯ್ದು ಮುರಿದ ಕಾಲಿನ ಆಟಗಾರನನ್ನು ಹಿಂದಕ್ಕೆ ಕಳುಹಿಸುತ್ತದೆ. ಬೆಲ್ಜಿಯಂನ ಶಾರ್ಲೆರ್ವಾ ಎಂಬ ಸಣ್ಣ ಕ್ಲಬ್ಬಿಗೆ ಆದದ್ದು ಇದೇ. ಅದರ ಆಟಗಾರ ಅಬ್ದೆಲ್ ಮಜೀದ್ ಉಲ್ಮೆರ್ಸ್ 2004ರ ನವೆಂಬರಿನಲ್ಲಿ ಮೊರಾಕ್ಕೋದ ಪರವಾಗಿ ಬುರ್ಕಿನಾ ಫಾಸೋ ಮೇಲೆ ಆಡಲು ಹೋಗಿ, ಗಾಯಗೊಂಡು ತಿಂಗಳುಗಟ್ಟಲೆ ಮಲಗಿದ. ಕ್ಲಬ್ಬು ಫೀಫಾದ ಮೇಲೆ ದಾವೆ ಹೂಡಿತು. ಯೂರೋಪಿನ ದೊಡ್ಡ ಕ್ಲಬ್ಬುಗಳು ಅದರ ಬೆನ್ನಿಗೆ ನಿಂತವು. ಶಾರ್ಲೆರ್ವಾದ ದೂರು ನ್ಯಾಯವಾದುದೆಂದೇ ನನ್ನ ಮತ. ಆದರೆ ಆ ದೂರಿಗೆ ಪರಿಹಾರವೇನಾಯಿತು? 2008ರಲ್ಲಿ ರಾಜಿಯಾಯಿತು. ದೇಶದ ಪರ ಆಡುವಾಗ ಗಾಯಗೊಂಡವನ ಸಂಬಳವನ್ನು ಕ್ಲಬ್ಬಿಗೆ ತುಂಬಿಕೊಡುವ ಏರ್ಪಾಡನ್ನು ಫೀಫಾ 2012ರಲ್ಲಿ ತಂದಿತು. ವಿಶ್ವಕಪ್ಪಿಗೆ ಆಟಗಾರರನ್ನು ಕೊಟ್ಟ ಕ್ಲಬ್ಬುಗಳಿಗೆ 2010ರಲ್ಲಿ 4 ಕೋಟಿ ಡಾಲರು ಹಂಚಿತು. 2022ರ ವೇಳೆಗೆ ಅದು 20 ಕೋಟಿ 90 ಲಕ್ಷಕ್ಕೆ ಏರಿತ್ತು. ಪ್ರಯಾಣದ ಕಷ್ಟವನ್ನು ತಗ್ಗಿಸಲು ಸೆಪ್ಟೆಂಬರ್ ಅಕ್ಟೋಬರುಗಳ ಎರಡು ಬಿಡುವುಗಳನ್ನು 2026ರಿಂದ ಸೇರಿಸಿ, 16 ದಿನಗಳ ಒಂದೇ ಬಿಡುವು ಮಾಡಬೇಕೆಂದೂ 2023ರಲ್ಲಿ ನಿಶ್ಚಯವಾಯಿತು. ಗಾಯಕ್ಕೆ ಮದ್ದುಂಟು, ನಷ್ಟಕ್ಕೆ ತುಂಬುವಿಕೆಯುಂಟು. ಬಿಡುವನ್ನೇ ಅಳಿಸುವುದು ಮದ್ದಲ್ಲ. ನೆಗಡಿಗೆ ಮೂಗು ಕೊಯ್ಯುವ ವೈದ್ಯ.

ಬಿಡುವನ್ನು ಅಳಿಸಿದರೆ ಯಾರಿಗೆ ನಷ್ಟ? ಇಂಗ್ಲೆಂಡಿಗಾಗಲಿ ಸ್ಪೇನಿಗಾಗಲಿ ಅಷ್ಟೇನೂ ಇಲ್ಲ. ಅವರ ಆಟಗಾರರು ಬಹುಪಾಲು ಹತ್ತಿರದಲ್ಲಿಯೇ ಇದ್ದಾರೆ. ನಷ್ಟವಾಗುವುದು ಕೇಪ್ ವರ್ಡಿಗೆ. ಅಟ್ಲಾಂಟಿಕ್ ಸಾಗರದ ನಡುವಿನ, ಐದು ಲಕ್ಷದ ಆಸುಪಾಸಿನ ಜನಸಂಖ್ಯೆಯ ಆ ದ್ವೀಪಗಳ ಮಕ್ಕಳು ಹೊಟ್ಟೆಪಾಡಿಗೆ ಹತ್ತು ದೇಶಗಳ ಕ್ಲಬ್ಬುಗಳಲ್ಲಿ ಆಡುತ್ತಾರೆ. ಲೀಗುಗಳು ಬಾಗಿಲು ಹಾಕಿದ ವಾರಗಳಲ್ಲಿ ಮಾತ್ರ ಅವರು ಒಂದು ಅಂಗಿ ತೊಟ್ಟು ಒಂದು ತಂಡವಾಗುತ್ತಾರೆ. ಅಂಥ ವಾರಗಳ ಪುಣ್ಯದಿಂದ 2025ರ ಅಕ್ಟೋಬರಿನಲ್ಲಿ ಅವರು ಮೊದಲ ಸಲ ವಿಶ್ವಕಪ್ಪಿಗೆ ಅರ್ಹತೆ ಪಡೆದರು. ಮರುತಿಂಗಳು ಕುರಸಾವ್ ಎಂಬ, ಒಂದೂವರೆ ಲಕ್ಷ ಜನರ ಕೆರಿಬಿಯನ್ ದ್ವೀಪ ಜಮೈಕಾದ ನೆಲದಲ್ಲಿ ಸೋಲದೆ ಉಳಿದು, ವಿಶ್ವಕಪ್ಪಿಗೆ ಏರಿದ ದೇಶಗಳಲ್ಲೆಲ್ಲ ಅತ್ಯಂತ ಚಿಕ್ಕದೆನಿಸಿತು. ನಮ್ಮ ಒಂದು ತಾಲ್ಲೂಕಿನಷ್ಟು ಜನ! ನನ್ನ ಮಿತ್ರರು "ಬೇಸರದ ವಾರ" ಎಂದು ಬೈದುಕೊಂಡ ವಾರದಲ್ಲಿಯೇ ಒಂದು ದ್ವೀಪದ ಜನ ಬೀದಿಗಿಳಿದು ಕುಣಿದರು. ಯಾರ ಬೇಸರ ದೊಡ್ಡದು, ಯಾರ ಸಂತೋಷ ದೊಡ್ಡದು, ವಾಚಕರೇ ತೂಗಿ ನೋಡಲಿ.

ಹತ್ತಿರದಲ್ಲಿಯೂ ಒಂದು ಲಾಭವುಂಟು. ಪ್ರೀಮಿಯರ್ ಲೀಗು ಸುಮ್ಮನಿರುವ ಶನಿವಾರವನ್ನು ಆರಿಸಿಕೊಂಡು ಇಂಗ್ಲೆಂಡಿನಲ್ಲಿ 2010ರಿಂದ ಸಣ್ಣ ಕ್ಲಬ್ಬುಗಳ ದಿನವೊಂದನ್ನು ನಡೆಸುತ್ತ ಬಂದಿದ್ದಾರೆ. ದೊಡ್ಡ ಕ್ಲಬ್ಬಿನ ಭಕ್ತರು ಅಂದು ತಮ್ಮ ಬೀದಿಯ ಕೊನೆಯ ಮೈದಾನಕ್ಕೆ ಹೋಗಿ, ಹೆಸರು ಕೇಳದ ಹುಡುಗರ ಆಟವನ್ನು ಬೇಲಿಗೆ ಒರಗಿ ನಿಂತು ನೋಡುತ್ತಾರೆ. ದೊಡ್ಡ ದೀಪ ಆರಿದಾಗಲ್ಲವೆ ಮೂಲೆಯ ಹಣತೆ ಕಾಣುವುದು?

ಹಾಗಾದರೆ ಬಿಡುವನ್ನು ಕಂಡರೆ ಇಷ್ಟು ಸಿಟ್ಟು ಯಾರಿಗೆ, ಏಕೆ? ಇದಕ್ಕೆ ಉತ್ತರ 1963ರ ಚಳಿಗಾಲದಲ್ಲಿದೆ. ಆ ವರ್ಷ ಇಂಗ್ಲೆಂಡಿನ ನೆಲ ಕಲ್ಲಿನಂತೆ ಹೆಪ್ಪುಗಟ್ಟಿ ವಾರಗಟ್ಟಲೆ ಆಟ ನಿಂತಿತು. ಎಫ್. ಎ. ಕಪ್ಪಿನ ಮೂರನೆಯ ಸುತ್ತೊಂದೇ ಮುಗಿಯಲು 66 ದಿನ ಹಿಡಿಯಿತು. ಆಟಗಾರರೂ ಪ್ರೇಕ್ಷಕರೂ ಬೆಂಕಿ ಕಾಯಿಸಿಕೊಂಡು ಮನೆಯಲ್ಲಿ ಕುಳಿತರು. ಆದರೆ ಪಂದ್ಯಗಳ ಫಲಿತಾಂಶದ ಮೇಲೆ ಪಣ ಕಟ್ಟಿಸಿಕೊಳ್ಳುತ್ತಿದ್ದ ಪೂಲ್ಸ್ ಕಂಪೆನಿಗಳಿಗೆ ಮಾತ್ರ ಕುಳಿತುಕೊಳ್ಳಲು ಆಗಲಿಲ್ಲ. ಅವು ಲಂಡನ್ನಿನಲ್ಲಿ ಒಂದು ಮಂಡಳಿಯನ್ನು ಕೂಡಿಸಿದವು. ಟಾಮ್ ಫಿನ್ನಿ, ಟಾಮಿ ಲಾಟನ್‌ರಂಥ ಹೆಸರಾಂತ ಹಳೆಯ ಆಟಗಾರರು ಮುಚ್ಚಿದ ಕೋಣೆಯಲ್ಲಿ ಕುಳಿತು, ನಡೆಯದ ಪಂದ್ಯಗಳಲ್ಲಿ ಯಾರು ಗೆದ್ದರು, ಯಾರು ಸೋತರು ಎಂದು ತೀರ್ಮಾನ ಕೊಟ್ಟರು! ಹಣ ಎಂದಿನಂತೆ ಹರಿಯಿತು. ವ್ಯಾಪಾರಕ್ಕೆ ಕೊನೆಗೆ ಆಟವೂ ಬೇಕಾಗಿಲ್ಲ, ಬರಿಯ ಶನಿವಾರ ಸಾಕು ಎಂಬುದನ್ನು ಇದಕ್ಕಿಂತ ಚೆನ್ನಾಗಿ ಯಾವ ವಿಡಂಬನಕಾರನೂ ಹೇಳಲಾರ.

ಅಂದಿನ ಆ ಬುದ್ಧಿ ಇಂದು ಬೇರೆ ವೇಷ ತೊಟ್ಟಿದೆ. ಇಂಗ್ಲೆಂಡಿನ ಪ್ರೀಮಿಯರ್ ಲೀಗು 2020ರ ಫೆಬ್ರವರಿಯಲ್ಲಿ ಮೊದಲ ಸಲ ಚಳಿಗಾಲದ ಸಣ್ಣ ಬಿಡುವೊಂದನ್ನು ಆಟಗಾರರಿಗೆ ಕೊಟ್ಟಿತು. 2024-25ರ ಹೊತ್ತಿಗೆ ಅದನ್ನು ಕಿತ್ತುಕೊಂಡಾಗಿತ್ತು. ಅದೇ ಋತುವಿನಲ್ಲಿ ಯೂರೋಪಿನ ಚಾಂಪಿಯನ್ಸ್ ಲೀಗು 32 ತಂಡಗಳಿಂದ 36ಕ್ಕೆ ಬೆಳೆಯಿತು. ಮೊದಲ ಹಂತದಲ್ಲಿ ಒಂದೊಂದು ತಂಡಕ್ಕೆ ಆರು ಪಂದ್ಯವಿದ್ದದ್ದು ಎಂಟಾಯಿತು. 2025ರ ಜೂನ್ ಜುಲೈಗಳಲ್ಲಿ, ಮೈ ಚಾಚಬೇಕಾದ ಬೇಸಗೆಯಲ್ಲಿ, ಫೀಫಾ ತಾನೇ ಅಮೆರಿಕದಲ್ಲಿ 32 ಕ್ಲಬ್ಬುಗಳ ವಿಶ್ವಕಪ್ಪನ್ನು ನಡೆಸಿತು. ರಾಷ್ಟ್ರಗಳ ವಿಶ್ವಕಪ್ಪನ್ನು 2026ಕ್ಕೆ 64 ಪಂದ್ಯಗಳಿಂದ 104ಕ್ಕೆ ಹಿಗ್ಗಿಸಿತು. ಬಿಡುವಿನ ಪಂಚಾಂಗವನ್ನು ಬರೆದ ಕೈಯೇ ಬಿಡುವನ್ನು ನುಂಗುವ ಕೈಯೂ ಆಯಿತು. ಆದ್ದರಿಂದ ಫೀಫಾದ ಪರವಾಗಿ ನಾನು ವಕಾಲತ್ತು ವಹಿಸಿದ್ದೇನೆಂದು ಯಾರೂ ತಿಳಿಯಬಾರದು. 2024ರಲ್ಲಿ ಆಟಗಾರರ ಸಂಘಗಳು ಫೀಫಾದ ವಿರುದ್ಧವೇ ಬ್ರಸೆಲ್ಸಿನ ನ್ಯಾಯಾಲಯಕ್ಕೂ ಯೂರೋಪಿನ ಆಯೋಗಕ್ಕೂ ದೂರು ಒಯ್ದದ್ದು ನನಗೆ ಸರಿಯೆಂದೇ ತೋರುತ್ತದೆ. ನನ್ನ ವಕಾಲತ್ತು ಬರಿಯ ಶನಿವಾರದ ಪರ, ಅದನ್ನು ಯಾರು ಕಬಳಿಸಿದರೂ ಸರಿಯೇ.

ಎಲ್ಲ ಬಿಡುವೂ ಪವಿತ್ರವೆಂದೂ ನಾನು ಹೇಳುವುದಿಲ್ಲ. 2022ರ ಸೆಪ್ಟೆಂಬರ್ 8ರಂದು ಎಲಿಜಬೆತ್ ರಾಣಿ ತೀರಿಕೊಂಡಾಗ ಇಂಗ್ಲೆಂಡಿನಲ್ಲಿ ಆ ವಾರಾಂತ್ಯದ ಕಾಲ್ಚೆಂಡನ್ನು ಪೂರ್ತಿ ನಿಲ್ಲಿಸಿದರು. ಮಕ್ಕಳ ಪಂದ್ಯಗಳನ್ನೂ ಬಿಡಲಿಲ್ಲ. ಅದೇ ಶನಿವಾರ ಓವಲ್‌ನಲ್ಲಿ ಕ್ರಿಕೆಟ್ ಟೆಸ್ಟು ನಡೆಯಿತು. ಜನ ಮೌನವಾಗಿ ಎದ್ದು ನಿಂತು ಗೌರವ ಸಲ್ಲಿಸಿ ಆಮೇಲೆ ಆಟ ನೋಡಿದರು. ಎರಡನೆಯದು ಮೇಲೆಂದು ನನ್ನೆಣಿಕೆ. ಯಾರ ಮೈಗೂ ವಿಶ್ರಾಂತಿಯಾಗದ, ಯಾರ ಮನಸ್ಸಿಗೂ ಸಮಾಧಾನ ತಾರದ ಬಿಡುವು ಬರಿಯ ಆಚಾರ.

ಕೊನೆಗೆ ನಮ್ಮ ಮನೆಯ ಮಾತು. 2023ರ ಸೆಪ್ಟೆಂಬರಿನಲ್ಲಿ ಹಾಂಗ್‌ಜೋ ನಗರದಲ್ಲಿ ಏಷ್ಯನ್ ಕ್ರೀಡೆಗಳು. ಅವು ಫೀಫಾದ ಮೀಸಲು ದಿನಗಳೊಳಗೆ ಬಂದಿರಲಿಲ್ಲ. ಆದ್ದರಿಂದ ಆಟಗಾರರನ್ನು ಬಿಟ್ಟುಕೊಡಲೇಬೇಕೆಂಬ ಕಟ್ಟು ಕ್ಲಬ್ಬುಗಳಿಗಿರಲಿಲ್ಲ. ಇಂಡಿಯನ್ ಸೂಪರ್ ಲೀಗು ಸೆಪ್ಟೆಂಬರ್ 21ಕ್ಕೆ ಕೊಚ್ಚಿಯಲ್ಲಿ ತೊಡಗಿತು, ಅದೂ ಬೆಂಗಳೂರಿನ ತಂಡದ ಪಂದ್ಯದೊಂದಿಗೆ. ಎಷ್ಟೋ ಕ್ಲಬ್ಬುಗಳು ಕೈಯಾಡಿಸಿದವು. ದೇಶದ ತಂಡವನ್ನು ಕಾಡಿಬೇಡಿ ಕೂಡಿಸಿದ್ದಾಯಿತು. ಬೆಂಗಳೂರಿನ ಕ್ಲಬ್ಬಿನಿಂದ ಸುನಿಲ್ ಛೇತ್ರಿ ಹೊರಟರು. ತಂಡ ಚೀನಾ ತಲಪಿದ್ದು ಪಂದ್ಯದ ಹಿಂದಿನ ದಿನ. 19ರಂದು ಚೀನಾದ ಮೇಲೆ 1-5ರಿಂದ ಸೋಲು. 1951ರಲ್ಲಿಯೂ 1962ರಲ್ಲಿಯೂ ಅದೇ ಕ್ರೀಡೆಗಳಲ್ಲಿ ಚಿನ್ನ ಗೆದ್ದ ದೇಶದ ಕಥೆ ಇದು! ಆ ವಾರ ನಮ್ಮಲ್ಲಿ ಆಟವಿಲ್ಲದ ಒಂದೆರಡು ಶನಿವಾರಗಳಿದ್ದಿದ್ದರೆ ನಾವು ಗೆಲ್ಲುತ್ತಿದ್ದೆವೆಂದು ಹೇಳಲಾರೆ. ಕೂಡಿ ಅಭ್ಯಾಸ ಮಾಡಿದ ತಂಡದಂತೆ ಸೋಲುತ್ತಿದ್ದೆವು ಎಂದಂತೂ ಹೇಳಬಲ್ಲೆ.

ಬಿಡುವಿಲ್ಲದ ಲೀಗಿನ ದುರ್ಗತಿ ಅದಾದರೆ, ಎರಡೇ ವರ್ಷಗಳಲ್ಲಿ ಇನ್ನೊಂದು ದುರ್ಗತಿಯನ್ನೂ ಕಂಡೆವು. 2025ರ ಜುಲೈಯಲ್ಲಿ, ರಾಷ್ಟ್ರೀಯ ಫೆಡರೇಷನ್ನಿಗೂ ಲೀಗು ನಡೆಸುವ ಕಂಪೆನಿಗೂ ನಡುವಣ ಒಪ್ಪಂದದ ಗಡುವು ಡಿಸೆಂಬರಿಗೆ ತೀರುವುದೆಂಬ ಕಾರಣದಿಂದ, ಲೀಗನ್ನು ತಡೆಹಿಡಿದರು. ಸೆಪ್ಟೆಂಬರ್ ಬಂತು, ದೀಪಾವಳಿ ಬಂತು, ವರ್ಷವೇ ಮುಗಿಯಿತು, ಲೀಗು ತೊಡಗಲಿಲ್ಲ. ಕೆಲವು ಕ್ಲಬ್ಬುಗಳಲ್ಲಿ ಸಂಬಳ ನಿಂತಿತು. ಆ ದಿನಗಳಲ್ಲಿ ಒಂದು ಸಂಜೆ ಕಂಠೀರವ ಕ್ರೀಡಾಂಗಣದ ಪಕ್ಕದಲ್ಲಿ ನಡೆದುಹೋಗುವಾಗ ನನ್ನ ಮಿತ್ರರು, "ನೋಡಿ, ನಿಮಗೆ ಬೇಕಾದಷ್ಟು ಬಿಡುವು!" ಎಂದು ಚುಚ್ಚಿದರು.

ನಾನು ಆಗ ಉತ್ತರ ಕೊಡಲಿಲ್ಲ. ಈಗ ಕೊಡುತ್ತೇನೆ. ಹೊಲವನ್ನು ಒಂದು ಬೆಳೆ ಬೀಳು ಬಿಡುವುದು ಬೇರೆ, ಒಕ್ಕಲೆದ್ದುಹೋಗಿ ಹೊಲ ಪಾಳು ಬೀಳುವುದು ಬೇರೆ. ದೂರದಿಂದ ನೋಡುವವನಿಗೆ ಎರಡೂ ಬರಿಯ ನೆಲವೇ. ಆದರೆ ಬೀಳುಬಿಟ್ಟ ಹೊಲದವನಿಗೆ ಮುಂದಿನ ಬಿತ್ತನೆಯ ದಿನ ಗೊತ್ತಿರುತ್ತದೆ. ಪಾಳು ಹೊಲದವನಿಗೆ ಗೊತ್ತಿರುವುದಿಲ್ಲ. ಇಂಗ್ಲೆಂಡಿನ ಆಟಗಾರನಿಗೆ ತನ್ನ ಬರಿಯ ಶನಿವಾರ ಯಾವುದು, ಮತ್ತೆ ಆಡುವ ಶನಿವಾರ ಯಾವುದು ಎಂಬುದು ಋತು ತೊಡಗುವ ಮೊದಲೇ ತಿಳಿದಿರುತ್ತದೆ. ನಮ್ಮ ಹುಡುಗನಿಗೆ 2025ರಲ್ಲಿ ತಿಳಿದಿರಲಿಲ್ಲ. ಮೊದಲನೆಯದು ವಿಶ್ರಾಂತಿ; ಎರಡನೆಯದು ನಿರುದ್ಯೋಗ. ಒಂದರ ತಪ್ಪನ್ನು ಇನ್ನೊಂದರ ಮೇಲೆ ಹೊರಿಸಬಾರದು.

ಮಿತ್ರರು ಕಾಫಿ ಮುಗಿಸಿ, "ಅದೆಲ್ಲ ಸರಿ, ಈ ಶನಿವಾರ ಸಂಜೆ ನಾನೇನು ಮಾಡಲಿ?" ಎಂದರು. ನಮ್ಮ ಬಡಾವಣೆಯ ಮೈದಾನದಲ್ಲಿ ಹುಡುಗರು ಹರಕು ಚೆಂಡಿನಿಂದ ಆಡುತ್ತಾರೆ, ಹೋಗಿ ನೋಡಬಹುದು ಎಂದೆ. ಅವರು ಉತ್ತರ ಕೊಡದೆ ಹೊರಟರು. ಶನಿವಾರ ನಾನು ಹೋದಾಗ ಅವರು ಬೇಲಿಯ ಬಳಿ ನಿಂತಿದ್ದರು. ಯಾರೋ ಗೋಲು ತಪ್ಪಿಸಿದ್ದಕ್ಕೆ ನನ್ನ ಕಡೆ ತಿರುಗಿ, ಆ ಹುಡುಗನನ್ನು ಎಡಗಡೆ ಆಡಿಸಬೇಕಾಗಿತ್ತು ಎಂದು ವಾದಿಸತೊಡಗಿದರು.